ಕೆಂಡದಿಂದ ಸಾರಿಗೆ: ಸುಟ್ಟ ಬಾಡಿನ ಕಥೆ

ತುಮಕೂರಿನ ಬಿ.ಎಚ್. ರಸ್ತೆಯಲ್ಲಿ ಸಂಜೆಯ ಹೊತ್ತು ಓಡಾಡುವವರಿಗೆ ಕಬಾಬಿನ ಅಂಗಡಿಗಳು ಹೊಸದೇನಲ್ಲ. ಕಾದ ಎಣ್ಣೆಯ ಬಾಣಲೆ, ಅದರಲ್ಲಿ ಕುಣಿಯುವ ಕೆಂಪು ಕೋಳಿ ತುಂಡು, ಪಕ್ಕದಲ್ಲಿ ಹೆಚ್ಚಿದ ಈರುಳ್ಳಿ, ನಿಂಬೆಹಣ್ಣು. ತುಮಕೂರು ಮಾತ್ರವಲ್ಲ, ಕರ್ನಾಟಕದ ಬಹುಪಾಲು ಊರುಗಳಲ್ಲಿ ಕಬಾಬ್ ಎಂದರೆ ಹೀಗೆ ಎಣ್ಣೆಯಲ್ಲಿ ಕರಿದದ್ದೇ. ಆದರೆ ಆ ಹೆಸರು ಹುಟ್ಟಿ ಬೆಳೆದ ಪಶ್ಚಿಮ ಏಷ್ಯಾದಲ್ಲಿ ಅದು ಹೆಚ್ಚಾಗಿ ಸೂಚಿಸುವುದು ಬೆಂಕಿಯಲ್ಲಿ ಸುಟ್ಟ ಮಾಂಸವನ್ನು. ನಮ್ಮಲ್ಲಿ ಹೆಸರು ಉಳಿಯಿತು, ಕೆಂಡ ಆರಿತು.

ಇದನ್ನು ಹೊರಗಿನಿಂದ ಬಂದ ಪದವೊಂದರ ಅಡ್ಡದಾರಿ ಎಂದು ತಳ್ಳಿಹಾಕುವಂತಿಲ್ಲ. ಕನ್ನಡನಾಡಿನಲ್ಲಿ ಮಾಂಸವನ್ನು ಸಂಬಾರ ಹಚ್ಚಿ ಕೆಂಡದ ಮೇಲೆ ಸುಡುವ ವಿದ್ಯೆಗೆ ಒಂಬೈನೂರು ವರ್ಷಗಳ ಲಿಖಿತ ದಾಖಲೆ ಇದೆ. ಆದರೂ ಗುಬ್ಬಿ, ಕುಣಿಗಲ್ ಕಡೆಯ ಯಾವುದೇ ಮನೆಯಲ್ಲಿ ಇಂದು ಬಾಡೂಟ ಎಂದರೆ ಕಣ್ಣ ಮುಂದೆ ಬರುವುದು ಮುದ್ದೆ ಮತ್ತು ಸಾರು. ಸುಟ್ಟ ಮಾಂಸ ಎಲ್ಲಿ ಹೋಯಿತು, ಏಕೆ ಹೋಯಿತು ಎಂಬುದು ಅಡುಗೆಮನೆಯ ಪ್ರಶ್ನೆಯಷ್ಟೇ ಅಲ್ಲ. ಯಾರು ಎಷ್ಟು ಮಂದಿಗೆ ಹಂಚಿ ಉಣ್ಣಬೇಕಿತ್ತು ಎಂಬ ಪ್ರಶ್ನೆಯೂ ಹೌದು.

ಮೊದಲಿಗೆ ಪದಗಳನ್ನೇ ನೋಡಬಹುದು. ಇಂಗ್ಲಿಷರ 'ಸ್ಟೇಕ್' ಎಂಬ ಮಾತು ಉತ್ತರ ಯುರೋಪಿನ ಹಳೆಯ ನಾರ್ಸ್ ಭಾಷೆಯ 'ಸ್ಟೈಕ್' ಎಂಬುದರಿಂದ ಬಂದದ್ದು. ಕೋಲಿಗೆ ಚುಚ್ಚಿ ಸುಡುವುದು ಎಂಬ ಅರ್ಥದ ಕ್ರಿಯಾಪದಕ್ಕೆ ಅದು ಹತ್ತಿರದ ನಂಟು. ಸಂಸ್ಕೃತದ ಅಮರಕೋಶ ಸುಟ್ಟ ಮಾಂಸಕ್ಕೆ ಶೂಲಾಕೃತ, ಭಟಿತ್ರ, ಶೂಲ್ಯ ಎಂಬ ಮೂರು ಹೆಸರುಗಳನ್ನು ಕೊಡುತ್ತದೆ. ಅವುಗಳಲ್ಲಿ ಎರಡು ಶೂಲದಿಂದ, ಎಂದರೆ ಮೊನೆಯುಳ್ಳ ಸರಳಿನಿಂದ ಹುಟ್ಟಿದವು. ಸೀಖ್ ಕಬಾಬಿನ 'ಸೀಖ್' ಎಂದರೂ ಪಾರಸಿಯಲ್ಲಿ ಸರಳೇ. ಒಬ್ಬರನ್ನೊಬ್ಬರು ಕಾಣದ ಮೂರು ನಾಡಿನ ಜನ ಒಂದೇ ಬಗೆಯ ಊಟಕ್ಕೆ ಅದನ್ನು ಚುಚ್ಚಿದ ಕಡ್ಡಿಯ ಹೆಸರನ್ನೇ ಇಟ್ಟರು. ಪಾತ್ರೆ ಇಲ್ಲದಾಗಲೂ ಮಾಡಬಹುದಾದ ಅಡುಗೆ ಅದು ಎಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ.

ನಮ್ಮ ನಾಡಿನ ಲಿಖಿತ ದಾಖಲೆ 'ಮಾನಸೋಲ್ಲಾಸ'. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ 1130ರ ಸುಮಾರಿಗೆ ಸಂಸ್ಕೃತದಲ್ಲಿ ರಚಿಸಿದ ಈ ಗ್ರಂಥಕ್ಕೆ 'ಅಭಿಲಷಿತಾರ್ಥ ಚಿಂತಾಮಣಿ' ಎಂಬ ಇನ್ನೊಂದು ಹೆಸರೂ ಇದೆ. ಐದು ವಿಂಶತಿಗಳು, ಒಟ್ಟು ನೂರು ಅಧ್ಯಾಯಗಳು. ಆನೆ, ಕುದುರೆ, ರತ್ನ, ಸಂಗೀತ, ಕುಸ್ತಿ ಎಲ್ಲಕ್ಕೂ ಅದರಲ್ಲಿ ಜಾಗವಿದೆ. ಹಾಗೆಯೇ 'ಅನ್ನಭೋಗ' ಎಂಬ ಅಧ್ಯಾಯದಲ್ಲಿ ರಾಜನ ಊಟಕ್ಕೂ ಇದೆ. ಬರೋಡದ ಗಾಯಕವಾಡ ಗ್ರಂಥಮಾಲೆಯಲ್ಲಿ ಅದು 1925ರಿಂದ 1961ರವರೆಗೆ ಮೂರು ಸಂಪುಟಗಳಾಗಿ ಅಚ್ಚಾಯಿತು. ಸೋಮೇಶ್ವರನ ರಾಜಧಾನಿ ಇಂದಿನ ಬೀದರ್ ಜಿಲ್ಲೆಯ ಬಸವಕಲ್ಯಾಣ, ನಿಜ. ಆದರೆ ಅವನ ಹೆಸರಿನ ಅಧಿಕಾರ ದಕ್ಷಿಣಕ್ಕೆ ಬಹುದೂರ ಚಾಚಿತ್ತು; ತುಮಕೂರಿನ ಸುತ್ತಣ ಸೀಮೆಯನ್ನು ಆಳುತ್ತಿದ್ದ ಹೊಯ್ಸಳರು ಆಗಿನ್ನೂ ಲೆಕ್ಕಕ್ಕೆ ಚಾಲುಕ್ಯರ ಸಾಮಂತರು. ತುಮಕೂರಿಗೆ ಹತ್ತಿರದ ಕೈದಾಳದ ಚೆನ್ನಕೇಶವ ದೇವಾಲಯ ಎದ್ದದ್ದು ಈ ಗ್ರಂಥ ಬರೆದ ಇಪ್ಪತ್ತೇ ವರ್ಷಗಳ ಆಚೆಗೆ, 1150ರ ಸುಮಾರಿನಲ್ಲಿ.

ಅನ್ನಭೋಗದ ಮಾಂಸದ ಭಾಗವನ್ನು ಓದುವವರಿಗೆ ಮೊದಲು ಅಚ್ಚರಿ ತರುವುದು ಅದರ ಕೈಕೆಲಸದ ತಿಳಿವು. ಬರೆದವನು ದೊರೆ, ಆದರೆ ಬರೆಸಿದ ತಿಳಿವು ಬಾಣಸಿಗನದು ಎಂಬುದರಲ್ಲಿ ಅನುಮಾನವಿಲ್ಲ. ಹಂದಿಯ ಕೂದಲನ್ನು ತೆಗೆಯಲು ಬಟ್ಟೆ ಹೊದಿಸಿ ಬಿಸಿನೀರು ಸುರಿಯುವುದು, ಮಣ್ಣು ಮೆತ್ತುವುದು, ಹುಲ್ಲು ಉರಿಸಿ ಸುಡುವುದು ಎಂದು ಬೇರೆ ಬೇರೆ ವಿಧಾನಗಳನ್ನು ಅದು ಹೇಳುತ್ತದೆ. ಆಮೇಲೆ ತುಂಡು ಮಾಡಿ, ಉಪ್ಪು ಸಂಬಾರ ಸೇರಿಸಿ, ಕೆಂಡದ ಮೇಲೆ ಸುಡುವುದು. 'ಭಡಿತ್ರಕ' ಎಂಬ ಬಗೆಯಲ್ಲಿ ಮಾಂಸದ ತುಂಡುಗಳನ್ನು ಕೊರೆದು, ಒಳಗೆ ಸಂಬಾರ ತುಂಬಿ, ಸರಳಿಗೆ ಚುಚ್ಚಿ ಸುಡಬೇಕು. ಅಮರಕೋಶದ ಭಟಿತ್ರವೇ ಇದು. ಮೇಲೆ ಸವರಿದ ಖಾರ ಒಳಗಿನವರೆಗೆ ಇಳಿಯುವುದಿಲ್ಲ ಎಂಬ ಕಷ್ಟವನ್ನು ಆ ಕಾಲದ ಬಾಣಸಿಗರು ಗಮನಿಸಿ, ತುಂಡನ್ನೇ ತೂತು ಮಾಡಿ ಪರಿಹಾರ ಕಂಡಿದ್ದರು. ನದಿ ದಂಡೆಯ ಹೊಲಗಳಲ್ಲಿ ಸಿಗುವ ದಪ್ಪ ಇಲಿಯನ್ನು ಸುಡುವ ವಿಧಾನವೂ ಅಲ್ಲಿದೆ. ಆಮೆಯೂ ಇದೆ, ಮೀನೂ ಇದೆ. ಅರಮನೆಯ ಊಟ ಎಂದರೆ ಹಾಲು, ತುಪ್ಪ, ಹೋಳಿಗೆ ಮಾತ್ರ ಎಂದುಕೊಂಡವರು ಈ ಪುಟಗಳನ್ನು ಒಮ್ಮೆ ತಿರುವಿ ಹಾಕಬೇಕು.

ಇನ್ನೊಂದು ವಿಧಾನವನ್ನು ನೆನಪಿನಲ್ಲಿ ಇಟ್ಟುಕೊಳ್ಳುವುದು ಒಳ್ಳೆಯದು. ಯಕೃತ್ತನ್ನು, ಎಂದರೆ ಇಂದು ಮಾಂಸದಂಗಡಿಯಲ್ಲಿ ಎಲ್ಲರೂ ಲಿವರ್ ಎನ್ನುವ ಭಾಗವನ್ನು, ಅಡಿಕೆಯ ಗಾತ್ರಕ್ಕೆ ಕತ್ತರಿಸಿ ಕೆಂಡದ ಮೇಲೆ ಸುಡಬೇಕು. ಬಳಿಕ ಸಂಬಾರದೊಡನೆ ಎಣ್ಣೆಯಲ್ಲಿ ಬಾಡಿಸಿ, ಮೊಸರಿಗೋ ಸಾಸಿವೆಯ ರಸಕ್ಕೋ ಹಾಕಬೇಕು. ಈ ತುಂಡಿನ ಕಥೆ ಮುಂದೆ ಮತ್ತೆ ಬರಲಿದೆ.

ಇಷ್ಟೆಲ್ಲ ಇದ್ದೂ ಈ ಅಡುಗೆಗಳಲ್ಲಿ ಒಂದು ಪದಾರ್ಥ ಕಾಣುವುದಿಲ್ಲ. ಇಂಗು, ಸೈಂಧವ ಲವಣ, ಮೆಣಸು, ಶುಂಠಿ, ಏಲಕ್ಕಿ, ಸಾಸಿವೆ, ಜೀರಿಗೆ, ಹುಳಿ ಎಲ್ಲ ಇವೆ, ಮೆಣಸಿನಕಾಯಿ ಇಲ್ಲ. ಇರಲು ಸಾಧ್ಯವೂ ಇರಲಿಲ್ಲ. ಅದು ಅಮೆರಿಕ ಖಂಡದ ಗಿಡ. ಕೊಲಂಬಸ್ ಅತ್ತ ಹೋದದ್ದು 1492ರಲ್ಲಿ, ಪೋರ್ಚುಗೀಸರು ಗೋವೆಯನ್ನು ಹಿಡಿದದ್ದು 1510ರಲ್ಲಿ. ಅಲ್ಲಿಂದಾಚೆಗಷ್ಟೇ ಅದು ನಮ್ಮ ಹಿತ್ತಿಲು ಸೇರಿದ್ದು. ಕನ್ನಡ ಭಾಷೆಯೇ ಇದಕ್ಕೆ ಸಾಕ್ಷಿ ಹೇಳುತ್ತದೆ. ಹೊಸ ಕಾಯಿಗೆ ಹೊಸ ಹೆಸರು ಹುಡುಕದೆ, ಮೆಣಸಿನಂತೆ ಉರಿಯುವ ಕಾಯಿ ಎಂದು ಅದನ್ನು ಮೆಣಸಿನಕಾಯಿ ಎಂದರು. ಅಷ್ಟಕ್ಕೇ ನಿಲ್ಲಲಿಲ್ಲ, ಬಂದ ನೆಂಟ ಮನೆಯ ಯಜಮಾನನಾದ ಮೇಲೆ ಹಳೆಯ ಮೆಣಸೇ ಗುರುತಿಗಾಗಿ ಕರಿಮೆಣಸು, ಕಾಳುಮೆಣಸು ಎಂದು ಕರೆಸಿಕೊಳ್ಳಬೇಕಾಯಿತು. ಇಂದು ನಾವು ಅಪ್ಪಟ ನಾಟಿ ಎಂದು ಮೆಚ್ಚುವ ಕೆಂಪು ಖಾರಕ್ಕೆ ಐನೂರು ವರ್ಷವೂ ನೆಟ್ಟಗೆ ತುಂಬಿಲ್ಲ.

ಮಾನಸೋಲ್ಲಾಸ ಸಂಸ್ಕೃತದಲ್ಲಿದೆ. ಕನ್ನಡದಲ್ಲೇ ಬರೆದ ಹಳೆಯ ಪಾಕಶಾಸ್ತ್ರಗಳು ನಮ್ಮಲ್ಲಿ ಇಲ್ಲವೆಂದಲ್ಲ. ಎರಡನೆಯ ಚಾವುಂಡರಾಯನ 'ಲೋಕೋಪಕಾರ' 1025ರದು. ಅದರಲ್ಲಿ ಸೂಪಶಾಸ್ತ್ರಕ್ಕೇ ಒಂದು ಅಧ್ಯಾಯವಿದೆ. ಜೈನಕವಿ ಮೂರನೆಯ ಮಂಗರಸ ಹದಿನಾರನೆಯ ಶತಮಾನದ ಆದಿಯಲ್ಲಿ 'ಸೂಪಶಾಸ್ತ್ರ' ಎಂಬ ಕೃತಿಯನ್ನೇ ಬರೆದ. ಎರಡೂ ಸಸ್ಯಾಹಾರದ ಪುಸ್ತಕಗಳು. ಮಾಂಸದ ಅಡುಗೆಯನ್ನು ಬಲ್ಲವರು ಓಲೆ ಮತ್ತು ಕಂಠದ ಹತ್ತಿರ ಸುಳಿಯಲಿಲ್ಲ. ಓಲೆ ಕಂಠ ಹಿಡಿದವರು ಬಹುಪಾಲು ಆ ಅಡುಗೆಯ ಹತ್ತಿರ ಸುಳಿಯಲಿಲ್ಲ. ಹೀಗಾಗಿ ಕನ್ನಡಿಗರ ಒಂದು ದೊಡ್ಡ ಪಾಲಿನ ಊಟಕ್ಕೆ ಹಳೆಯ ಬರಹದ ಆಸರೆ ಇಲ್ಲದಂತಾಯಿತು. ಬರಹ ಇಲ್ಲದ್ದರಿಂದ ಪರಂಪರೆಯೂ ಇರಲಿಲ್ಲ ಎಂದು ತೀರ್ಮಾನಿಸುವ ತಪ್ಪು ಇಂದಿಗೂ ನಡೆಯುತ್ತಿದೆ. ಸುಟ್ಟ ಮಾಂಸ ಎಂದೊಡನೆ ಪಂಜಾಬಿನ ತಂದೂರಿ, ಅಮೆರಿಕದ ಬಾರ್ಬೆಕ್ಯೂ ನೆನಪಾಗುವುದು ಅದರ ಫಲ.

ಅಡುಗೆಯ ಪುಸ್ತಕ ಹೇಳದ್ದನ್ನು ಕಲ್ಲು ಮತ್ತು ಕಥೆ ಹೇಳುತ್ತವೆ. ಕುಣಿಗಲ್ ತಾಲ್ಲೂಕಿಗೆ ತಾಗಿಕೊಂಡ ಮದ್ದೂರು ತಾಲ್ಲೂಕಿನ ಆತಕೂರಿನಲ್ಲಿ 949-50ರ ಒಂದು ವೀರಗಲ್ಲು ಸಿಕ್ಕಿತ್ತು. ಈಗ ಅದು ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ಕಾಡುಹಂದಿಯ ಮೇಲೆ ಬಿದ್ದು, ಅದನ್ನು ಕೊಂದು ತಾನೂ ಸತ್ತ 'ಕಾಳಿ' ಎಂಬ ಬೇಟೆನಾಯಿಯ ನೆನಪು ಅದರಲ್ಲಿದೆ. ಗಂಗ ದೊರೆ ಬೂತುಗ ತನ್ನ ವೀರ ಮಣಲೆರನಿಗೆ ಮೆಚ್ಚಿ ಕೊಟ್ಟ ನಾಯಿ ಅದು. ಹಂದಿ ಬೇಟೆ ಈ ಸೀಮೆಯ ಗಣ್ಯರಿಗೆ ಎಷ್ಟು ದೊಡ್ಡ ಸಂಗತಿಯಾಗಿತ್ತು ಎನ್ನುವುದಕ್ಕೆ ನಾಯಿಗೊಂದು ಕಲ್ಲು ನಿಂತದ್ದಕ್ಕಿಂತ ಹೆಚ್ಚಿನ ಪುರಾವೆ ಬೇಡ. ಬೇಟೆ ಬಿದ್ದ ಜಾಗದಲ್ಲಿ ಮಡಕೆ, ಒರಳು ಇರುವುದಿಲ್ಲ. ಇರುವುದು ಸೌದೆ, ಬೆಂಕಿ, ಬಾಣ.

ಬಾಣಕ್ಕೆ ಚುಚ್ಚಿದ ಮಾಂಸ ಎಂದೊಡನೆ ನೆನಪಾಗುವವನು ಬೇಡರ ಕಣ್ಣಪ್ಪ. ಕಾಳಹಸ್ತಿಯ ಈ ಭಕ್ತನ ಕಥೆಯನ್ನು ತಮಿಳಿನ ಪೆರಿಯಪುರಾಣ ಹನ್ನೆರಡನೆಯ ಶತಮಾನದಲ್ಲಿ ಹೇಳಿತು. ಸ್ವಲ್ಪ ಕಾಲದಲ್ಲೇ ಕನ್ನಡದ ಹರಿಹರ ಅದನ್ನು ರಗಳೆಯಾಗಿ ಹಾಡಿದ. ಬೇಟೆಯ ಮಾಂಸವನ್ನು ಬೆಂಕಿಯಲ್ಲಿ ಹದ ಮಾಡಿ, ಬೆಂದಿದೆಯೇ, ರುಚಿಯಾಗಿದೆಯೇ ಎಂದು ತಾನೇ ಬಾಯಲ್ಲಿಟ್ಟು ನೋಡಿ, ಒಳ್ಳೆಯ ತುಂಡನ್ನು ಆರಿಸಿ ಶಿವನಿಗೆ ಎಡೆ ಮಾಡಿದವನು ಆತ. ಅರ್ಚಕನಿಗೆ ಅದು ಎಂಜಲು, ಅನಾಚಾರ. ಶಿವನಿಗೆ ಅದೇ ನೈವೇದ್ಯ. ಭಕ್ತಿಯ ಕಥೆಯಾಗಿ ಇದನ್ನು ಎಲ್ಲರೂ ಬಲ್ಲರು. ಅಡುಗೆಯ ಕಥೆಯಾಗಿಯೂ ಒಮ್ಮೆ ಓದಬಹುದು: ಕೆಂಡದ ಮೇಲಿನ ಮಾಂಸವನ್ನು ಅಳೆಯಲು ನಾಲಿಗೆಯ ಹೊರತು ಬೇರೆ ಅಳತೆ ಇಲ್ಲ ಎಂದು ಬಲ್ಲ ಒಬ್ಬ ಬಾಣಸಿಗನ ಚಿತ್ರವೂ ಅದರೊಳಗಿದೆ.

ಈ ಕಥೆಯನ್ನು ಇಪ್ಪತ್ತನೆಯ ಶತಮಾನದಲ್ಲಿ ಕನ್ನಡಿಗರ ಮನೆಮನೆಗೆ ಮುಟ್ಟಿಸಿದವರು ಗುಬ್ಬಿಯವರು. 1884ರಲ್ಲಿ ಹುಟ್ಟಿದ ಗುಬ್ಬಿ ಚನ್ನಬಸವೇಶ್ವರ ನಾಟಕ ಕಂಪನಿ, ಗುಬ್ಬಿ ವೀರಣ್ಣನವರ ಕೈಗೆ ಬಂದ ಮೇಲೆ ನಾಡಿನ ಅತಿ ದೊಡ್ಡ ವೃತ್ತಿನಾಟಕ ಮಂಡಳಿಯಾಯಿತು. ಅದರ ರಂಗದ ಮೇಲೆ ಆಡಿದ ಬೇಡರ ಕಣ್ಣಪ್ಪನ ಕಥೆಯೇ 1954ರಲ್ಲಿ ಎಚ್.ಎಲ್.ಎನ್. ಸಿಂಹ ಅವರ ನಿರ್ದೇಶನದಲ್ಲಿ ಚಲನಚಿತ್ರವಾಯಿತು. ಕಂಪನಿಯ ನಟ ಮುತ್ತುರಾಜ್ 'ರಾಜಕುಮಾರ್' ಆದದ್ದು ಈ ಚಿತ್ರದಿಂದ. ಕನ್ನಡದ ಅತಿ ದೊಡ್ಡ ತಾರೆ ನಾಯಕನಾಗಿ ತೆರೆಯ ಮೇಲೆ ಕಾಣಿಸಿಕೊಂಡದ್ದು ದೇವರಿಗೆ ಮಾಂಸ ಬಡಿಸುವ ಬೇಡನಾಗಿ. ಆ ದೃಶ್ಯವನ್ನು ಸಸ್ಯಾಹಾರಿಗಳೂ ಮಾಂಸಾಹಾರಿಗಳೂ ಒಂದೇ ಟೆಂಟಿನಲ್ಲಿ ಕೂತು ನೋಡಿ ಕೈಮುಗಿದರು.

ಹಾಗಿದ್ದರೆ ಬೇಟೆಗಾರನ ಕೆಂಡ, ದೊರೆಯ ಸರಳು ಊರಿನ ಒಲೆಗೆ ಏಕೆ ಬರಲಿಲ್ಲ? ಕಾರಣವನ್ನು ಹುಡುಕಬೇಕಾದದ್ದು ಯುಗಾದಿಯ ಮರುದಿನದ ಹೊಸತೊಡಕಿನಲ್ಲಿ. ಕುಣಿಗಲ್ ಸೇರಿದಂತೆ ಹಳೆಯ ಮೈಸೂರು ಸೀಮೆಯ ಹಳ್ಳಿಗಳಲ್ಲಿ ಆ ದಿನದ ಗುಡ್ಡೆ ಬಾಡಿನ ಪದ್ಧತಿ ಇಂದಿಗೂ ಜೀವಂತ. ಹಲವು ಮನೆಯವರು ಸೇರಿ ದುಡ್ಡು ಹಾಕಿ ಕುರಿ ಅಥವಾ ಮೇಕೆ ಕೊಳ್ಳುತ್ತಾರೆ. ಕೆಲವೆಡೆ ಇದಕ್ಕಾಗಿ ವರ್ಷವಿಡೀ ತಿಂಗಳಿಗೆ ಇಷ್ಟೆಂದು ಚೀಟಿ ಕಟ್ಟುವುದೂ ಉಂಟು. ಮುಂಜಾನೆ ಕಡಿದು, ಹಾಸಿದ ಎಲೆಯ ಮೇಲೆ ಪಾಲುಗಳಷ್ಟೇ ಗುಡ್ಡೆ ಹಾಕುತ್ತಾರೆ. ಪ್ರತಿ ಗುಡ್ಡೆಯಲ್ಲೂ ತೊಡೆಯದೊಂದಿಷ್ಟು, ಪಕ್ಕೆಯದೊಂದಿಷ್ಟು, ಮೂಳೆ, ಕೊಬ್ಬು, ಕರುಳು, ಲಿವರಿನ ಚೂರು. ಒಬ್ಬನಿಗೆ ಬರಿಯ ತೊಡೆ, ಇನ್ನೊಬ್ಬನಿಗೆ ಬರಿಯ ಮೂಳೆ ಎಂಬ ಮಾತಿಲ್ಲ.

ಈ ನ್ಯಾಯ ಮಚ್ಚಿನ ಕೆಲಸವನ್ನೇ ನಿರ್ಧರಿಸಿತು. ಸ್ಟೇಕ್ ಬೇಕಾದವರು ಸ್ನಾಯುವಿನ ಗುಂಟ ಹೋಗಿ, ಮೂಳೆ ಬಿಡಿಸಿ, ಅಗಲವಾದ ಒಂದೇ ತುಂಡನ್ನು ತೆಗೆಯುತ್ತಾರೆ. ಹಾಗೆ ತೆಗೆದರೆ ಒಳ್ಳೆಯ ತುಂಡು ನಾಲ್ಕೈದು ಮಂದಿಗಷ್ಟೇ ಸಿಗುತ್ತದೆ. ಗುಡ್ಡೆಗೆ ಕಡಿಯುವವರು ಮೂಳೆಯ ಸಮೇತ ಸಣ್ಣಗೆ ಕಡಿಯುತ್ತಾರೆ. ಆ ತುಂಡನ್ನು ಸರಳಿಗೆ ಚುಚ್ಚಲಾಗದು. ಅದಕ್ಕೆ ತಕ್ಕದ್ದು ಮಡಕೆಯೇ. ಇನ್ನು ಒಲೆಯ ಲೆಕ್ಕ. ಕೆಂಡದ ಮೇಲೆ ಸುಟ್ಟ ಮಾಂಸ ತನ್ನ ತೂಕದಲ್ಲಿ ಕಾಲು ಭಾಗದಷ್ಟನ್ನು ಸುಲಭವಾಗಿ ಕಳೆದುಕೊಳ್ಳುತ್ತದೆ. ನೀರು ಹಬೆಯಾಗುತ್ತದೆ, ಕೊಬ್ಬು ಕರಗಿ ಬೂದಿಗೆ ಬೀಳುತ್ತದೆ. ಮಡಕೆಯಲ್ಲಾದರೆ ಒಂದು ತೊಟ್ಟೂ ಹೊರಗೆ ಹೋಗುವುದಿಲ್ಲ. ರಾಗಿಮುದ್ದೆಯಂತೂ ಸಾರಿಲ್ಲದೆ ಗಂಟಲಿಳಿಯುವ ಪದಾರ್ಥವೇ ಅಲ್ಲ. ಹುಣಸೆ, ತೆಂಗಿನಕಾಯಿ, ಧನಿಯ ಹಾಕಿ ರುಬ್ಬಿದ ಖಾರಕ್ಕೆ ನೀರು ಬೆರೆಸಿದರೆ ಒಂದು ಪಾಲಿನ ಮಾಂಸ ಮನೆಮಂದಿಗೆಲ್ಲ ಎರಡು ಹೊತ್ತಿಗೆ ಒದಗುತ್ತದೆ. ಸೋಮೇಶ್ವರನಿಗೆ ಈ ಲೆಕ್ಕ ಬೇಕಿರಲಿಲ್ಲ.

ಮಾಂಸದ ಗುಣವೂ ಅದರ ಪಾಲಿನದನ್ನು ಸೇರಿಸಿತು. ತುಮಕೂರು ಜಿಲ್ಲೆಯ ಒಣಸೀಮೆಯಲ್ಲಿ ಕುರಿ ನಿಂತಲ್ಲಿ ಮೇಯುವುದಿಲ್ಲ. ಮೇವು ಹುಡುಕುತ್ತ ದಿನವಿಡೀ ನಡೆಯುತ್ತದೆ. ನಡೆದ ಕಾಲಿನ ಸ್ನಾಯು ಗಟ್ಟಿ. ಅದರ ನಾರನ್ನು ಮೆತ್ತಗೆ ಮಾಡುವುದು ನಿಧಾನವಾದ, ನೀರಿನ ಬೇಯುವಿಕೆ. ಕೆಂಡದ ಒಣ ಶಾಖ ಅದನ್ನು ಇನ್ನಷ್ಟು ಬಿಗಿಯಾಗಿಸುತ್ತದೆ. ಕೆಂಡಕ್ಕೆ ಒಗ್ಗುವುದು ಎಳೆಯ ಪ್ರಾಣಿ, ಕೊಬ್ಬುಳ್ಳ ಹಂದಿ, ಇಲ್ಲವೇ ನಾರೇ ಇಲ್ಲದ ಲಿವರ್.

ಆದರೂ ಊರಿನಲ್ಲಿ ಕೆಂಡ ಪೂರ್ತಿ ಆರಲಿಲ್ಲ, ಅಂಚಿಗೆ ಸರಿಯಿತು. ಕುರಿಯ ತಲೆ, ಕಾಲನ್ನು ಇಂದಿಗೂ ಬೆಂಕಿಯಲ್ಲಿ ಸುಟ್ಟು, ಕರಿದಾದ ಕೂದಲನ್ನು ಕೆರೆದು ತೆಗೆದೇ ಸಾರಿಗೆ ಹಾಕುತ್ತಾರೆ. ಹಳ್ಳಿಯಲ್ಲಿ ತೆಂಗಿನ ಗರಿ, ಪೇಟೆಯಲ್ಲಿ ಗ್ಯಾಸಿನ ಉರಿ. ಮಾನಸೋಲ್ಲಾಸದ ಹುಲ್ಲಿನ ಬೆಂಕಿ ಇದಕ್ಕಿಂತ ಬೇರೆಯಲ್ಲ. ಸಾರಿಗೆ ಅದು ಕೊಡುವ ಸುಟ್ಟ ಕಂಪನ್ನು ಬೇರೆ ಯಾವ ಮಸಾಲೆಯೂ ಕೊಡದು ಎಂದು ಹಳೆಯ ಅಡುಗೆಯವರು ಹೇಳುವುದರಲ್ಲಿ ಸತ್ಯವಿದೆ. ಇನ್ನೊಂದು, ಒಣಮಾಂಸ. ಉಳಿದ ಮಾಂಸವನ್ನು ಉದ್ದುದ್ದ ಸೀಳಿ, ಉಪ್ಪು, ಅರಿಶಿನ, ಖಾರದ ಪುಡಿ ಹಚ್ಚಿ, ದಾರಕ್ಕೆ ಪೋಣಿಸಿ ಬಿಸಿಲಿಗೋ ಒಲೆಯ ಮೇಲಿನ ಹೊಗೆಗೋ ಕಟ್ಟುವುದು; ಬೇಕಾದಾಗ ಒಂದೆರಡು ಎಳೆ ಎಳೆದು ಕೆಂಡಕ್ಕೆ ಹಾಕುವುದು. ಮಾಂಸಕ್ಕೆ ಒಣ ಸಂಬಾರ ಉಜ್ಜುವ ಕಲೆ ಹಳ್ಳಿಯ ಮನೆಗಳಲ್ಲಿ ಉಳಿದದ್ದು ಇಲ್ಲಿ. ಶೀತಪೆಟ್ಟಿಗೆ ಬಂದ ಮೇಲೆ ಅದೂ ಅಪರೂಪವಾಯಿತು. ಬೇಟೆಯ ಮಾಂಸದ ಮಾತಂತೂ 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯೊಂದಿಗೆ ಮುಗಿಯಿತು, ಮುಗಿದದ್ದು ಸರಿಯೇ.

ಪೇಟೆಯಲ್ಲಿ ಸರಳನ್ನು ಉಳಿಸಿದವರು ಮುಸ್ಲಿಮರು. ತುಮಕೂರು ಜಿಲ್ಲೆಯದೇ ಆದ ಶಿರಾ 1687ರಿಂದ ಮೊಗಲರ ಒಂದು ಸುಬಾದ ರಾಜಧಾನಿಯಾಗಿತ್ತು. 1696ರ ಜುಮ್ಮಾ ಮಸೀದಿ ಇಂದಿಗೂ ನಿಂತಿದೆ. 1761ರಲ್ಲಿ ಹೈದರಾಲಿ ಅದನ್ನು ಗೆದ್ದ. ಪಾರಸಿ ಮಾತಿನ ಅಧಿಕಾರಿಗಳೂ ಸೈನಿಕರೂ ಮುಕ್ಕಾಲು ಶತಮಾನ ನೆಲೆಸಿದ್ದ ಊರು ಸೀಖಿನ ಹೆಸರನ್ನು ಈ ಸೀಮೆಗೆ ತಂದ ದಾರಿಗಳಲ್ಲಿ ಒಂದಾಗಿದ್ದರೆ ಆಶ್ಚರ್ಯವಿಲ್ಲ. ರಂಜಾನಿನ ಸಂಜೆ ಮಸೀದಿಗಳ ಬೀದಿಯಲ್ಲಿ ಬೀಸಣಿಗೆಯ ಗಾಳಿಗೆ ಕೆಂಪಾಗುವ ಇದ್ದಿಲಿನ ಮೇಲೆ ಕಾಣುವುದು ಅಮರಕೋಶದ ಶೂಲ್ಯವೇ, ಹೆಸರು ಬೇರೆ. ಸ್ಟೇಕ್ ಎಂಬ ಹೆಸರಿನದು ಇದಕ್ಕಿಂತ ತೀರ ತಡವಾಗಿ, 1809ರಲ್ಲಿ ನೆಲೆಗೊಂಡ ಬೆಂಗಳೂರು ದಂಡಿನ ಇಂಗ್ಲಿಷರ ಜೊತೆ ಬಂದದ್ದು. ಅದು ಆ ಪ್ರದೇಶದ ಹೋಟೆಲುಗಳನ್ನು ದಾಟಿ ಹೆಚ್ಚು ದೂರ ಬರಲಿಲ್ಲ.

ಈಗ ಖಾರದ ಮಾತು. ಮನೆಯಲ್ಲಿ ಅರೆದು ಹಚ್ಚುವ ಮಸಾಲೆಯ ಒಂದೊಂದು ಪದಾರ್ಥಕ್ಕೂ ಕೆಲಸವಿದೆ. ಉಪ್ಪು ಮೊದಲು ಮಾಂಸದ ನೀರನ್ನು ಹೊರಗೆ ಎಳೆಯುತ್ತದೆ. ಸ್ವಲ್ಪ ಹೊತ್ತು ಬಿಟ್ಟರೆ ಆ ಉಪ್ಪುನೀರನ್ನು ಮಾಂಸವೇ ಮತ್ತೆ ಹೀರಿಕೊಳ್ಳುತ್ತದೆ. ಹಚ್ಚಿದ ಕೂಡಲೇ ಕೆಂಡಕ್ಕೆ ಹಾಕಬಾರದು ಎಂಬ ಮನೆಯ ಹಿರಿಯರ ಮಾತಿನ ಗುಟ್ಟು ಇದೇ. ಹುಳಿ ಮೇಲ್ಪದರವನ್ನು ಸಡಿಲಿಸುತ್ತದೆ. ಚಾಲುಕ್ಯರ ಬಾಣಸಿಗ ಮೊಸರಿಗೆ ಕೈಚಾಚಿದರೆ, ದೇಶದ ದೊಡ್ಡ ಹುಣಸೆ ಮಾರುಕಟ್ಟೆಗಳಲ್ಲಿ ಒಂದಾದ ತುಮಕೂರಿನ ಗೃಹಿಣಿ ಹುಣಸೆಗೆ ಕೈಚಾಚುತ್ತಾಳೆ. ಹಸಿ ಪರಂಗಿಕಾಯಿಯ ತುರಿಯಲ್ಲಿ ಮಾಂಸದ ನಾರನ್ನೇ ಬಿಡಿಸುವ ಕಿಣ್ವವಿದೆ. ಪರಂಗಿಯೂ ಮೆಣಸಿನಕಾಯಿಯ ಹಾಗೆ ಅಮೆರಿಕದಿಂದ ಬಂದದ್ದು ಎಂಬುದನ್ನು ಅದರ ಹೆಸರೇ ಬಿಟ್ಟುಕೊಡುತ್ತದೆ. ಇನ್ನು ಸುಟ್ಟ ಮಾಂಸದ ಆ ಕಂದು ಬಣ್ಣ ಮತ್ತು ಪರಿಮಳ. ಮೇಲ್ಮೈ ಒಣಗಿ 140 ಡಿಗ್ರಿ ಸೆಲ್ಸಿಯಸ್ ದಾಟಿದಾಗ ಮಾಂಸದ ಪ್ರೋಟೀನಿನ ಅಂಶಗಳು ಸಕ್ಕರೆಯ ಅಂಶದೊಡನೆ ಬೆರೆತು ಹುಟ್ಟುವ ಕ್ರಿಯೆ ಅದು. ಫ್ರಾನ್ಸಿನ ಲೂಯಿ ಕಮೀಯ್ ಮಯ್ಯಾರ್ 1912ರಲ್ಲಿ ಅದನ್ನು ವಿವರಿಸಿದ. ನೀರಿನಲ್ಲಿ ಕುದಿಯುವ ಸಾರು 100 ಡಿಗ್ರಿಯ ಆಸುಪಾಸಿನಲ್ಲೇ ನಿಲ್ಲುವುದರಿಂದ ಆ ರುಚಿ ಅದರಲ್ಲಿ ಹುಟ್ಟದು. ನಮ್ಮವರು ಸಾರಿಗೆ ಮೊದಲು ಮಾಂಸವನ್ನು ಎಣ್ಣೆಯಲ್ಲಿ ಚೆನ್ನಾಗಿ ಬಾಡಿಸುವುದು ಇದೇ ಕೊರತೆ ತುಂಬಲು.

ಕೆಂಪು ಬಣ್ಣಕ್ಕಂತೂ ಬ್ಯಾಡಗಿ ಮೆಣಸಿನಕಾಯಿ ಸಾಕು. ಖಾರ ಕಡಿಮೆ, ಬಣ್ಣ ಹೆಚ್ಚು. 2011ರಲ್ಲಿ ಅದಕ್ಕೆ ಭೌಗೋಳಿಕ ಗುರುತಿನ ಮಾನ್ಯತೆಯೂ ಬಂದಿದೆ. ಬೀದಿಯ ಕಬಾಬ್ ಮಾತ್ರ ಇನ್ನೂ ಹೊಳೆಯುವ ಕೆಂಪನ್ನು ಬಯಸಿತು. 2024ರ ಜೂನ್‌ನಲ್ಲಿ ರಾಜ್ಯ ಸರ್ಕಾರ ಕಬಾಬಿನ 39 ಮಾದರಿಗಳನ್ನು ಪರೀಕ್ಷಿಸಿತು. 8ರಲ್ಲಿ ಸನ್‌ಸೆಟ್ ಯೆಲ್ಲೊ, ಕಾರ್ಮೋಸಿನ್ ಮುಂತಾದ ಕೃತಕ ಬಣ್ಣ ಸಿಕ್ಕಿತು. ಕಬಾಬಿಗೆ ಕೃತಕ ಬಣ್ಣ ಬೆರೆಸುವುದನ್ನೇ ಸರ್ಕಾರ ನಿಷೇಧಿಸಿತು. ತಪ್ಪಿದರೆ 7 ವರ್ಷದಿಂದ ಜೀವಾವಧಿಯವರೆಗೆ ಸೆರೆ, 10 ಲಕ್ಷ ರೂಪಾಯಿ ದಂಡ. ಒರಳಿನಲ್ಲಿ ಖಾರ ಅರೆಯುವ ಮನೆಗಳಿಗೆ ಈ ಆದೇಶದ ಅಗತ್ಯ ಬೀಳಲಿಲ್ಲ.

ಹೊಸತೊಡಕಿನ ಮುಂಜಾನೆಗೆ ಇನ್ನೊಮ್ಮೆ ಹಿಂತಿರುಗುವುದಾದರೆ, ಗುಡ್ಡೆಯ ಪಾಲು ಮನೆಗೆ ಬಂದ ಮೇಲೆ ಸಾರು ಆಗಲು ಎರಡು ಗಂಟೆಯಾದರೂ ಬೇಕು. ಖಾರ ರುಬ್ಬಬೇಕು, ಕಾಯಿ ತುರಿಯಬೇಕು, ಮುದ್ದೆಗೆ ಎಸರಿಡಬೇಕು. ಮಕ್ಕಳು ಅಷ್ಟು ಹೊತ್ತು ತಡೆಯುವುದಿಲ್ಲ. ಒಲೆಯ ಮುಂದೆ ಕೂತ ಅಜ್ಜಿ ಪಾಲಿನಲ್ಲಿ ಬಂದ ಲಿವರಿನ ಚೂರನ್ನು ಬೇರೆ ತೆಗೆದು, ಅಡಿಕೆಯಷ್ಟು ಕತ್ತರಿಸಿ, ಉಪ್ಪು ಮತ್ತು ಖಾರದ ಪುಡಿ ಸವರಿ, ತೆಂಗಿನ ಚಿಪ್ಪಿನ ಕೆಂಡದ ಮೇಲೆ ಇಡುತ್ತಾಳೆ. ಬೆಂದಿದೆಯೇ ಎಂದು ಒಂದು ಚೂರನ್ನು ತಾನೇ ಬಾಯಿಗೆ ಹಾಕಿಕೊಂಡು ನೋಡಿ, ಉಳಿದದ್ದನ್ನು ಮಕ್ಕಳ ಅಂಗೈಗೆ ಹಂಚುತ್ತಾಳೆ.